ಲಾರಿಗೊಬ್ಬ ಕಂಡಕ್ಟರ್

ನನ್ನಂಥ ಮಾತು ಕಡಿಮೆ ಇದ್ದವನ ಸುತ್ತಲೇ ಇಂಥದ್ದೆಲ್ಲ ಆಗುತ್ತಿರುತ್ತದೆ. ನಾನೇನು ಮಾಡಲಿ?

ಪುತ್ತೂರು–ಮಡಿಕೇರಿ ಬಸ್ಸಿನಲ್ಲಿ ನಾನು ಕಂಡಕ್ಟರ್ ಆಗಿದ್ದೆ. ಡ್ರೈವರ್ ಕಲ್ಲುಗುಂಡಿಯವನು. ಇಬ್ಬರೂ ಈಗ ನಿವೃತ್ತರಾಗಿ ಅವರವರ ಮನೆಯಲ್ಲಿ. ಕಳೆದ ವರ್ಷ ಅವನಿಗೆ ಪಕ್ಷವಾತ ಬಡಿಯಿತು. ಬಲಗೈ ಬೆರಳುಗಳಿಗೆ ಕೆಲಸ ಕೊಡದಿದ್ದರೆ ಮರಗಟ್ಟುತ್ತವೆ ಎಂದರು ಡಾಕ್ಟರು. ಹಿಸುಕಲು ರಬ್ಬರ್ ಚೆಂಡು ಕೊಟ್ಟರು. ಅವನು ಅದನ್ನು ನಾಯಿಗೆ ಕೊಟ್ಟ.

೧. ನಡುವಿನವನು

ಅವನ ಮಗಳು ತಾನು ಚಿಕ್ಕವಳಿದ್ದಾಗ ಆಡುತ್ತಿದ್ದ ಲಾರಿ ಓಡಿಸುವ ಗೇಮನ್ನು ಕಂಪ್ಯೂಟರಿಗೆ ಹಾಕಿದಳು. ಎರಡು ಕೈಯಲ್ಲಿ ಹಿಡಿಯುವ ಹೊಸ ಕಂಟ್ರೋಲರ್ ತಂದಳು. ಹಳೆಯ ಗೇಮಿಗೆ ಅದರ ಗುರುತೇ ಇಲ್ಲ. ಗೊತ್ತಿರುವುದು ಕೀಬೋರ್ಡ್ ಮಾತ್ರ.

"ನಡುವೆ ಎಮ್ಯುಲೇಟರ್ ಅಂತ ಸಾಫ್ಟ್‌ವೇರ್ ಹಾಕುದು ಮಾಮ. ಅಪ್ಪ ಇಲ್ಲಿ ಗುಂಡಿ ಒತ್ತಿದರೆ, ಕೀಬೋರ್ಡೇ ಒತ್ತಿದ್ದು ಅಂತ ಅದು ಗೇಮಿಗೆ ಹೇಳ್ತದೆ."

ಅರ್ಥವಾಯಿತು. ಜನ ತುಳು, ಅರೆಭಾಷೆ, ಮಲಯಾಳದಲ್ಲಿ ನಿಲ್ಲಿಸಲು ಹೇಳುತ್ತಿದ್ದರು. ಡ್ರೈವರಿಗೆ ಮುಟ್ಟುತ್ತಿದ್ದದ್ದು ನನ್ನ ಸೀಟಿ ಒಂದೇ.

"ಕಂಡಕ್ಟರ್ ಅಂತ ಹೇಳು," ಎಂದೆ.

ಡ್ರೈವರ್ ಕಂಪ್ಯೂಟರನ್ನು ನೋಡಿದ. ನನ್ನನ್ನು ನೋಡಿದ. "ಇದು ಜನರಿಗೆ ಬೈಯುದಿಲ್ಲ ಅಲ್ವಾ?"

೨. ಹಾರನ್

ಮಗಳು ಹಾರನ್ನನ್ನು ಬಲಗೈ ತೋರುಬೆರಳಿನ ಗುಂಡಿಗೆ ಹಾಕಿದಳು. ಡ್ರೈವರ್ ಸಂಪಾಜೆ ಘಾಟಿಯಲ್ಲಿ ಬಸ್ಸು ಓಡಿಸಿದವನು. ತಿರುವು ಬಂದರೆ ಹಾರನ್ ಹೊಡೆಯದೆ ಆಗದು. ಬೆರಳು ಬಗ್ಗಲಿಲ್ಲ. ತಿರುವು ಹತ್ತಿರ ಬಂತು. ಹಲ್ಲು ಕಚ್ಚಿದ.

ಪೋಂ!

ಮಗಳು ಅಡುಗೆ ಕೋಣೆಗೆ ಹೋಗಿ ಕಣ್ಣೊರೆಸಿಕೊಂಡಳು. ನಾನು ಕಿಟಕಿಯ ಹೊರಗೆ ನೋಡಿದೆ. ಪಕ್ಕದ ಮನೆಯ ಅಜ್ಜಿ ಚೀಲ ಹಿಡಿದು ಓಡಿ ಬರುತ್ತಿದ್ದರು.

"ನಿಲ್ಲಿಸಿ ಮಾರಾಯ್ರೆ! ನನಗೆ ಸುಳ್ಯಕ್ಕೆ ಹೋಗ್ಲಿಕ್ಕುಂಟು!"

೩. ರೈಟ್ ಪೋಯಿ

ನನಗೆ ಜ್ವರ ಬಂತು. ಕೆಲವು ದಿನ ಆ ಕಡೆ ಹೋಗಲಿಲ್ಲ. ಮಗಳು ಫೋನ್ ಮಾಡಿದಳು. "ಮಾಮ, ಸಾಫ್ಟ್‌ವೇರ್ ಹಾಳಾಯ್ತು ಅಂತ ಕಾಣ್ತದೆ. ಲಾರಿ ಹೋಗುದೇ ಇಲ್ಲ. ಬೆರಳು ಪುನಃ ಗಟ್ಟಿಯಾಗ್ತಾ ಉಂಟು."

ಹೋದೆ. ಪರದೆಯ ಮೇಲೆ ಲಾರಿಯ ಇಂಜಿನ್ ಚಾಲೂ ಇತ್ತು. ಅವನು ಕಂಟ್ರೋಲರ್ ಹಿಡಿದು, ಕತ್ತು ತಿರುಗಿಸಿ, ಬಾಗಿಲನ್ನೇ ನೋಡುತ್ತಿದ್ದ. ಬಸ್ಸಿನಲ್ಲಿ ನಾನು ಕೊನೆಗೆ ಹತ್ತಿ "ರೈಟ್ ಪೋಯಿ", ಅಂದರೆ ಹೋಗುವ, ಅನ್ನದೆ ಅವನು ಯಾವತ್ತೂ ಗಾಡಿ ಬಿಟ್ಟವನಲ್ಲ. ಇಲ್ಲೂ ಅಭ್ಯಾಸಬಲದಿಂದ ದಿನಾ ಹೇಳುತ್ತಿದ್ದೆ.

"ರೈಟ್ ಪೋಯಿ!" ಎಂದೆ. ಲಾರಿ ಹೊರಟಿತು.

ನನಗೆ ಕಷ್ಟವಾಗಬಾರದೆಂದು ಮಗಳು ಅದನ್ನು ಮೊಬೈಲಿನಲ್ಲಿ ರೆಕಾರ್ಡ್ ಮಾಡಿಕೊಂಡಳು. ಮರುದಿನ ಕೇಳಿಸಿದಳಂತೆ. ಅವನು ಕದಲಲಿಲ್ಲ.

"ಎಂತ ಅಪ್ಪ, ಹೇಳಿ ಆಯ್ತಲ್ಲ?"

"ಸ್ವರ ಬಂತು. ಅವ ಹತ್ತಲಿಲ್ಲ. ಬಿಟ್ಟು ಹೋಗುದು ಹೇಗೆ ಮಗಾ?"

ಈಗ ದಿನಾ ಹೋಗಿ ಅವನ ಹಿಂದೆ ಬಾಗಿಲ ಬಳಿ ನಿಂತು ಹೇಳುತ್ತೇನೆ. ಅವನ ಬೆರಳು ಚೆನ್ನಾಗಿ ಮಡಚುತ್ತದೆ. ನನ್ನ ಮೊಣಕಾಲು ಮಡಚುವುದಿಲ್ಲ. ಮೊನ್ನೆ ಕುರ್ಚಿ ಎಳೆದುಕೊಂಡು ಅವನ ಪಕ್ಕ ಕೂತೆ. ತಕ್ಷಣ ಬ್ರೇಕ್ ಹಾಕಿದ.

"ಏಳು ಮಾರಾಯ. ನೀನು ಇಲ್ಲಿ ಕೂತರೆ ಹಿಂದಿನ ಬಾಗಿಲು ನೋಡುದು ಯಾರು?"