ಎಣ್ಣೆ ಹಚ್ಚಿದ ಕೆಂಪು ನೆಲ

ಎಲ್ಲಕ್ಕೂ ಕಾರಣ ಅರ್ಧ ಬಾಟಲಿ ಕೊಬ್ಬರಿ ಎಣ್ಣೆ. ಅದನ್ನು ತಲೆಗೆ ಹಚ್ಚಿಕೊಂಡು ಸುಮ್ಮನಿದ್ದಿದ್ದರೆ ಶೀನಣ್ಣ ಇವತ್ತು ಇಷ್ಟು ಪೇಚಿಗೆ ಸಿಕ್ಕುತ್ತಿರಲಿಲ್ಲ.

ಚಾಮರಾಜಪೇಟೆಯ ಹೆಂಚಿನ ಮನೆಗೆ ಅವನು ಬಾಡಿಗೆಗೆ ಬಂದು ನಲವತ್ತೆರಡು ವರ್ಷ. ಮೇಷ್ಟರ ಕೆಲಸಕ್ಕೆ ಸೇರಿದ್ದು, ಆಂಡಾಳ್‌ಳನ್ನು ಮದುವೆಯಾದದ್ದು, ರಿಟೈರಾದದ್ದು, ಎಲ್ಲ ಇಲ್ಲೇ. ಮಾಲೀಕರಾದ ಗಂಗಾಧರಯ್ಯ ಮಲ್ಲೇಶ್ವರದ ಫ್ಲಾಟಿನಲ್ಲಿ ಕೂತು, ಮನೆ ಶಿಥಿಲವಾಗಿದೆ, ಕೆಡವಿ ಕಟ್ಟಬೇಕು, ಬಾಡಿಗೆಯವರಿಂದ ಬಿಡಿಸಿಕೊಡಿ ಎಂದು ಕೋರ್ಟಿಗೆ ಹೋಗಿದ್ದರು. ಮನೆ ಗಟ್ಟಿಮುಟ್ಟಾಗಿದೆ ಎಂದು ಶೀನಣ್ಣ ತಕರಾರು ಹಾಕಿದ್ದ. ಯಾರ ಮಾತು ನಿಜವೆಂದು ನೋಡಿ ವರದಿ ಕೊಡಲು ಕೋರ್ಟು ಶರಣ್ಯ ಎಂಬ ವಕೀಲೆಯನ್ನು ಕಮಿಷನರ್ ಆಗಿ ನೇಮಿಸಿತ್ತು. ಅವರು ಬರುವುದು ಇವತ್ತು ಹನ್ನೊಂದಕ್ಕೆ.

ಬೆಳಿಗ್ಗೆ ಆರಕ್ಕೇ ಎದುರುಮನೆಯ ಪ್ರಭುದೇವ ಹಾಜರಾದ. ಅಡುಗೆಮನೆ ಗೋಡೆಯ ಬಿರುಕು ಮುಚ್ಚಲು ಕ್ಯಾಲೆಂಡರ್ ತೂಗುಹಾಕಿಸಿದ. ಬಿರುಕು ಕ್ಯಾಲೆಂಡರಿಗಿಂತ ಉದ್ದವಿತ್ತು. ತನ್ನ ಮನೆಯಿಂದ ಇನ್ನೆರಡು ತಂದ. ಈಗ ಗೋಡೆಯ ಮೇಲೆ ಮೂರು ಬೇರೆ ಬೇರೆ ವರ್ಷಗಳು ಒಂದರ ಕೆಳಗೊಂದು ನೇತಾಡುತ್ತಿದ್ದವು. ಆಮೇಲೆ ಅವನ ಕಣ್ಣು ಎಣ್ಣೆ ಬಾಟಲಿಯ ಮೇಲೆ ಬಿತ್ತು.

"ಬಂದೋರು ಮೊದಲು ನೋಡೋದೇ ನೆಲ ಸಾರ್. ಹೊಳೀಬೇಕು."

ಶೀನಣ್ಣ ಮಂಡಿಯೂರಿ ಕೆಂಪು ಗಾರೆ ನೆಲವನ್ನು ಬಟ್ಟೆಯಿಂದ ಉಜ್ಜತೊಡಗಿದ. ಮಗಳು ಚೌಕಾಬಾರಕ್ಕೆಂದು ಗೀಚಿದ ಮನೆಗಳು ಬಾಗಿಲ ಬಳಿ ಇನ್ನೂ ಇದ್ದವು. ಗಂಗಾಧರಯ್ಯನವರ ತಾಯಿ ಶಿವಕುಮಾರಮ್ಮ ಇದ್ದಾಗ ತಿಂಗಳಿಗೊಮ್ಮೆ ಬಂದು, ಕಾಫಿ ಕುಡಿದು, ನೆಲ ನೋಡಿ ಆಂಡಾಳ್‌ಳ ಬೆನ್ನು ತಟ್ಟಿ ಹೋಗುತ್ತಿದ್ದರು. ಅದೆಲ್ಲ ಅವನಿಗೆ ನೆನಪಾಯಿತು. ಈ ಮನೆ ಬಿಟ್ಟು ಬೇರೆ ಎಲ್ಲಾದರೂ ತನಗೆ ನಿದ್ದೆ ಬಂದೀತೆ ಎಂದುಕೊಂಡು ಇನ್ನಷ್ಟು ಎಣ್ಣೆ ಸುರಿದ. ಸಾಕು, ಯಾರಾದರೂ ಬೀಳುತ್ತಾರೆ ಎಂದು ಆಂಡಾಳ್ ಒಳಗಿನಿಂದ ಹೇಳಿದ್ದನ್ನು ಯಾರೂ ಕಿವಿಗೆ ಹಾಕಿಕೊಳ್ಳಲಿಲ್ಲ.

ಹನ್ನೊಂದಕ್ಕೆ ಶರಣ್ಯ ಬರಿಗಾಲಿನಲ್ಲಿ ಹುಷಾರಾಗಿ ಒಳಗೆ ಬಂದರು. ಹಿಂದೆ ಗಂಗಾಧರಯ್ಯ ಶೂ ಮಾತ್ರ ಬಿಚ್ಚಿ ಸಾಕ್ಸಿನಲ್ಲೇ ಕಾಲಿಟ್ಟರು. ಇಟ್ಟವರು ಹೊಸಿಲಿನಿಂದ ಸರ್ರನೆ ಜಾರಿ, ನಡುಮನೆಯ ಮರದ ಕಂಬವನ್ನು ತಬ್ಬಿಕೊಂಡು ನಿಂತರು. ಆಳು ಎಂಬತ್ತೈದು ಕೆಜಿ. ಕಂಬ ಅಲುಗಲಿಲ್ಲ. ಕಂಬ ಭದ್ರವಾಗಿದೆ ಎಂದು ಶರಣ್ಯ ಬರೆದುಕೊಂಡರು. ಪ್ರಭುದೇವ ಶೀನಣ್ಣನಿಗೆ ಕಣ್ಣು ಹೊಡೆದ.

ಗಂಗಾಧರಯ್ಯ ಮಾತ್ರ ಕಂಬ ಬಿಡಲೇ ಇಲ್ಲ. ಅವರ ಮೂಗಿನ ನೇರಕ್ಕೆ ಚಾಕುವಿನಿಂದ ಕೊರೆದ ಗೆರೆಗಳಿದ್ದವು. ಈ ಮನೆಯಲ್ಲಿ ಬೆಳೆಯುತ್ತಿದ್ದಾಗ ಪ್ರತಿ ಯುಗಾದಿಗೆ ತಾಯಿ ಅವರನ್ನು ಅಲ್ಲಿ ನಿಲ್ಲಿಸಿ ಎತ್ತರ ಗುರುತು ಹಾಕುತ್ತಿದ್ದರು.

"ಇದನ್ನ ನೀವು ಅಳಿಸಿಲ್ವಾ?"

"ಅಮ್ಮಾವ್ರು ಅಳಿಸ್ಬೇಡಿ ಅಂದಿದ್ರು ಸಾರ್. ಬಣ್ಣ ಹೊಡ್ಸಿದಾಗೆಲ್ಲ ಅಷ್ಟು ಜಾಗ ಬಿಡಿಸ್ತಿದ್ದೆ."

ಗಂಗಾಧರಯ್ಯ ಮನೆಯೆಲ್ಲ ಸುತ್ತಿದರು. ಬಚ್ಚಲಿನ ತಾಮ್ರದ ಹಂಡೆಯನ್ನು ಮುಟ್ಟಿ ನೋಡಿದರು. ಹಿತ್ತಲ ಕಲ್ಲಿನ ಮೇಲೆ ಕೂತು ಆಂಡಾಳ್ ಕೊಟ್ಟ ಕಾಫಿ ಕುಡಿಯುತ್ತ ಮಗುವಿನಂತೆ ಅತ್ತುಬಿಟ್ಟರು.

"ಇಂಥ ಮನೆ ಕೆಡವೋಕೆ ಹೊರಟಿದ್ನಲ್ಲ ನಾನು. ಕೇಸ್ ವಾಪಸ್ ತಗೋತೀನಿ, ಬರ್ಕೊಳ್ಳಿ ಮೇಡಂ."

ಶೀನಣ್ಣನಿಗೆ ನೆಲವೇ ಕಾಣಲಿಲ್ಲ, ಕಣ್ಣು ತುಂಬಿಬಂದಿತ್ತು. ಪ್ರಭುದೇವ ಸ್ವೀಟು ತರಲು ಓಡಿದ. ಆಂಡಾಳ್ ಇನ್ನೊಂದು ಲೋಟ ಕಾಫಿ ತಂದಳು.

ಗಂಗಾಧರಯ್ಯ ಅದನ್ನೂ ಕುಡಿದು ಶೀನಣ್ಣನ ಕೈ ಹಿಡಿದುಕೊಂಡರು. ಫ್ಲಾಟು ಮಾರಿಬಿಡುವುದಾಗಿಯೂ, ಸ್ವಂತ ವಾಸಕ್ಕೆ ಈ ಮನೆಯೇ ಬೇಕೆಂದು ಸೋಮವಾರವೇ ಹೊಸ ಅರ್ಜಿ ಹಾಕುವುದಾಗಿಯೂ ಹೇಳಿದರು.

"ಮನೆ ಗಟ್ಟಿಯಾಗಿದೆ ಅಂತ ಕೋರ್ಟಲ್ಲಿ ನೀವೇ ಹೇಳಿದೀರಲ್ಲ, ಬೇಜಾರ್ ಮಾಡ್ಕೋಬೇಡಿ. ಹೋಗೋ ಮುಂಚೆ, ನೆಲಕ್ಕೆ ಎಣ್ಣೆ ಹೇಗೆ ಹಚ್ಚೋದು ಅಂತ ನಮ್ಮ ಮನೆಯವಳಿಗೆ ಒಂದ್ಸಲ ತೋರಿಸ್ಕೊಡಿ."