ಸೊಸೆಯ ಧಾರಾವಾಹಿಗೆ ನನ್ನ ಬಾಯಿ

ಮನುಷ್ಯರು ಒಳ್ಳೆಯವರಾದರೆ ಮನೆಗೆ ಎಷ್ಟು ತೊಂದರೆ ಎನ್ನುವುದನ್ನು ಯಾವ ಪ್ರವಚನದಲ್ಲೂ ಹೇಳುವುದಿಲ್ಲ. ನಾನು ಒಳ್ಳೆಯವಳಾಗಿ ಸೊಸೆಯ ಕೆಲಸಕ್ಕೇ ಸಂಚಕಾರ ತಂದವಳು, ಅದಕ್ಕೇ ಹೇಳುತ್ತಿದ್ದೇನೆ. ಫೋನಿನಲ್ಲಿ ಟೈಪು ಮಾಡಲು ಈಗಷ್ಟೇ ಕಲಿತಿದ್ದೇನೆ. ಒಂದೇ ಬೆರಳು, ಅದಕ್ಕೂ ಉಳ್ಳಾಗಡ್ಡಿ ವಾಸನೆ. ನಿಧಾನವಾಗಿ ಓದಿರಿ, ನಾನು ಹಿಂದೆ ಬರುತ್ತಿದ್ದೇನೆ.

ನನ್ನ ಸೊಸೆ ಶೋಭಾ ಟೀವಿ ಧಾರಾವಾಹಿಗೆ ಮಾತು ಬರೆಯುತ್ತಾಳೆ. ನಮ್ಮ ಕಡೆಯ ಭಾಷೆಯ ಧಾರಾವಾಹಿ. ಬೈಲಹೊಂಗಲದ ನಮ್ಮ ಅಡಿಗೆಮನೆಯಲ್ಲೇ ಕುಳಿತು ಬರೆದು ಕಳಿಸುತ್ತಾಳೆ. ಊರಲ್ಲಿ ಯಾರಿಗೂ ಗೊತ್ತಿಲ್ಲ. ಅವಳ ಹೆಸರು ಕೊನೆಗೆ, ವಿಗ್ಗು ಕೊಟ್ಟವರ ಹೆಸರಿನ ಕೆಳಗೆ ಬರುತ್ತದೆ. ನಾನು ಕನ್ನಡಕ ಏರಿಸುವಷ್ಟರಲ್ಲಿ ಹೋಗಿರುತ್ತದೆ. ಸವದತ್ತಿಯ ನನ್ನ ನಾದಿನಿ ಈಗಲೂ "ಶೋಭಾ ಮನ್ಯಾಗ ಖಾಲೀನ ಅದಾಳೇನ?" ಎಂದು ಕೇಳುತ್ತಾಳೆ.

ಆ ಧಾರಾವಾಹಿಯಲ್ಲಿ ಒಬ್ಬ ಕೆಟ್ಟ ಅತ್ತೆ ಇದ್ದಾಳೆ. ಜನ ನೋಡುವುದು ಅವಳನ್ನೇ. ಅವಳ ಬಾಯಿ ನನ್ನದು. ನಾನು ಈ ವಾರ ಚಹಾಕ್ಕೆ ಬೈದದ್ದನ್ನು ಅವಳು ಮುಂದಿನ ವಾರ ಪಾಯಸಕ್ಕೆ ಬೈಯುತ್ತಾಳೆ. ಮೊದಲ ಸಲ ಕೇಳಿದಾಗ ಸಿಟ್ಟು ಬರಬೇಕಿತ್ತು. ಬರಲಿಲ್ಲ, ಅವಳಿಗಿಂತ ನಾನೇ ಚೆನ್ನಾಗಿ ಬೈದಿದ್ದೆ ಅನ್ನಿಸಿತು.

ಹೀಗಿರುವಾಗ ಶ್ರಾವಣದಲ್ಲಿ ಮಠದ ಸ್ವಾಮಿಗಳು ಜೋಳಿಗೆ ಹಿಡಿದು ಓಣಿಗೆ ಬಂದರು. ನಿಮ್ಮ ದುಶ್ಚಟಗಳನ್ನು ಇದರಲ್ಲಿ ಹಾಕಿರಿ ಎಂದು ಮನೆಮನೆಗೆ ಕೇಳುವುದು ನಮ್ಮ ಕಡೆಯ ಪದ್ಧತಿ. ಗಂಡಸರು ಗುಟಕಾ ಚೀಟಿ ಹಾಕಿದರು. ಎದುರುಮನೆ ಗಂಗವ್ವ ತಂಬಾಕಿನ ಡಬ್ಬಿಯನ್ನೇ ಹಾಕಿ ನನ್ನ ಕಡೆ ನೋಡಿದಳು. ಅವಳಿಗಿಂತ ಕಡಿಮೆಯಾಗಬಾರದೆಂದು, "ನಾ ಬೈಯೂದ ಬಿಟ್ಟೇನ್ರಿ ಅಪ್ಪಾರ, ಅದನ್ನ ಹಾಕ್ಕೋರಿ" ಎಂದುಬಿಟ್ಟೆ. ಓಣಿಯೆಲ್ಲ ಚಪ್ಪಾಳೆ. ನನ್ನ ಮಗನದೇ ಜೋರು.

ಅಂದಿನಿಂದ ಚಹಾ ಹೇಗಿದ್ದರೂ ಚೆನ್ನಾಗಿದೆ ಎಂದೆ. ಬೇರೆ ಮಾತು ಸಿಗದೆ ಟೀವಿಯ ಅತ್ತೆಯೂ ಚೆನ್ನಾಗಿದೆ ಎನ್ನತೊಡಗಿದಳು. ಜನ ಚಾನೆಲ್ ಬದಲಿಸಿದರು. ಅತ್ತೆಗೆ ಮೊದಲಿನ ಖಾರ ಬರದಿದ್ದರೆ ಬೇರೆಯವರಿಂದ ಬರೆಸುತ್ತೇವೆ ಎಂದು ಶೋಭಾಗೆ ಫೋನು ಬಂತು. ಅವಳು ಬೇಕೆಂದೇ ಪಲ್ಯಕ್ಕೆ ಉಪ್ಪು ಸುರಿದಳು. ನಾನು ಕಣ್ಣೀರು ಒರೆಸಿಕೊಂಡು ಉಂಡೆ. ಕೊನೆಗೆ ಎದುರಿಗೇ ಬಂದು ಕುಳಿತಳು.

"ಅತ್ತಿ, ಒಂದ್ ಸಲ ಬೈರಿ. ನನ್ನ ಕೆಲಸಾ ಹೋಗತೈತಿ."

"ಬಾಯಿ ಕೊಟ್ಟಬಿಟ್ಟೇನವಾ," ಎಂದೆ.

ಅವಳು ತುಸು ಯೋಚಿಸಿ, "ಬೆರಳ ಕೊಟ್ಟಿಲ್ಲಲ್ರಿ," ಎಂದು ಕೈಗೆ ಫೋನಿಟ್ಟಳು.

ನಾನು ಟೈಪು ಕಲಿತದ್ದು ಹೀಗೆ. ಒಂದು ಬೈಗುಳಕ್ಕೆ ಮಧ್ಯಾಹ್ನವೆಲ್ಲ ಹಿಡಿಯಿತು. ಮರುವಾರ ಟೀವಿಯ ಅತ್ತೆ ಅದನ್ನೇ ಹೇಳಿದಳು: "ನಿನ್ನ ರೊಟ್ಟಿ ನೋಡವಾ, ಒಂದ್ ದಂಡಿ ಕಿತ್ತೂರಿಗೆ ಹೊಂಟೈತಿ, ಇನ್ನೊಂದ್ ದಂಡಿ ರಾಮದುರ್ಗಕ್ಕ." ನೋಡಲು ಬಂದಿದ್ದ ಗಂಗವ್ವ ಬಿದ್ದುಬಿದ್ದು ನಕ್ಕಳು. ನಾನು ಬೀಗಿದೆ. ಆದರೆ ಟೀವಿಯ ಸೊಸೆ ಸುಮ್ಮನಿರಬೇಕಲ್ಲ. ಲಟ್ಟಣಿಗೆ ಕೆಳಗಿಟ್ಟು, "ಹೌದ್ರಿ ಅತ್ತಿ, ನಡುವ ನೀವ ಕುಂತೀರಿ, ಸುತ್ತಹಾಕಿ ಹೋಗಬೇಕಾತು," ಎಂದಳು.

ಎಲ್ಲರಿಗಿಂತ ಮೊದಲು ನಕ್ಕವಳು ನಾನು. ಅರ್ಥವಾದದ್ದು ಆಮೇಲೆ. ತಿರುಗಿ ನೋಡಿದರೆ ಶೋಭಾ ತಲೆ ಎತ್ತದೆ ಶೇಂಗಾ ಸುಲಿಯುತ್ತಿದ್ದಳು.

ಕೆಲಸ ಉಳಿಯಿತು. ಇದಕ್ಕೆ ಅತ್ತೆಯ ಉತ್ತರ ಬೇಗ ಬೇಕೆಂದು ಚಾನೆಲ್ಲಿನವರು ದುಂಬಾಲು ಬಿದ್ದಿದ್ದಾರೆ. ಬೆಳಗಿನಿಂದ ಫೋನು ಹಿಡಿದು ಕುಳಿತಿದ್ದೇನೆ, ಒಂದೂ ಹೊಳೆಯುತ್ತಿಲ್ಲ. ಒಳಗಿನಿಂದ ಸೊಸೆ ಆಗಾಗ ಇಣುಕುತ್ತಾಳೆ. ಬರೆಯುತ್ತಿರುವ ಹಾಗೆ ಕಾಣಲೆಂದು ನಿಮಗೆ ಇದನ್ನು ಬರೆದೆ.