ನಾನು ತೋರಿಸಿದ ಸಂಕಷ್ಟಿ ಚಂದ್ರ

ಕಡುಬು ಬೇಯಿಸಿದ ಪಾತ್ರೆಗೆ ಹುಣಸೆಹಣ್ಣು ಹಚ್ಚಿ ಉಜ್ಜುತ್ತಿದ್ದೆ. ಹಗಲೆಲ್ಲ ಉಪವಾಸವಿದ್ದು, ಚಂದ್ರನಿಗೆ ಹಾಲಿನ ಅರ್ಘ್ಯ ಬಿಟ್ಟು, ಗಣಪನಿಗೆ ಆರತಿ ಎತ್ತಿ, ಏಳು ಕಡುಬು ತಿಂದು ಮುಗಿಸಿದ ಹೆಂಗಸಿಗೆ ಸಲ್ಲಬೇಕಾದ ನೆಮ್ಮದಿಯೆಲ್ಲ ನನಗೆ ಸಂದಿತ್ತು. ಆಗ ಎದುರು ಮನೆ ಜಯಮ್ಮನ ಮಗಳು ಸವಿತಾ ಬಾಗಿಲಲ್ಲಿ ಬಂದು ನಿಂತಳು. ಊಟವಾದ ಮೇಲೆ ಬೀದಿ ತುದಿಯವರೆಗೆ ಅಡ್ಡಾಡಿ ಬರುವುದು ಅವಳ ರೂಢಿ.

“ಅತ್ತೆ, ಒಸಿ ತಾರಸಿ ಮ್ಯಾಲೆ ಓಗಿ ನೋಡ್ತೀರಾ? ಇನ್ನೊಂದು ಚಂದ್ರ ಬಂದೈತೆ.”

ನಮ್ಮದು ಕೆ.ಆರ್. ಪೇಟೆಯ ಅಂಚಿನಲ್ಲಿ, ಹೊಸಹೊಳಲು ಕಡೆಗಿರುವ ಪುಟ್ಟ ಬೀದಿ. ಮೂಡಲಿಗೆ ಯಾರೋ ಮೂರಂತಸ್ತು ಕಟ್ಟಿದ ಮೇಲೆ ಚಂದ್ರ ಹುಟ್ಟುವುದು ನಮ್ಮ ತಾರಸಿಗೆ ಮಾತ್ರ ಕಾಣುತ್ತದೆ, ಇಲ್ಲದಿದ್ದರೆ ಬೀದಿ ತುದಿಗೇ ಹೋಗಬೇಕು. ಆದ್ದರಿಂದ ಪ್ರತಿ ಸಂಕಷ್ಟಿಯಂದು ಚಂದ್ರೋದಯವನ್ನು ಅಧಿಕೃತವಾಗಿ ಘೋಷಿಸುವ ಹೊಣೆ ನನ್ನದು. ನಾನು ಕೂಗಿದರೆ ನಮ್ಮದೂ ಸೇರಿ ಆರು ಮನೆಯ ಹೆಂಗಸರು ಅರ್ಘ್ಯ ಬಿಟ್ಟು ಊಟಕ್ಕೆ ಕೂರುತ್ತಾರೆ. ಈ ಪದವಿಗೆ ಸಂಬಳವಿಲ್ಲ. ಜಂಬವಿದೆ.

ಅಂದು ಸಂಜೆಯಿಂದಲೇ ಮೋಡ ಕವಿದಿತ್ತು. ಕಬಡ್ಡಿ ನೋಡಲು ಹೊರಟ ನಮ್ಮ ಯಜಮಾನರು, ಕ್ಯಾಲೆಂಡರಿನಲ್ಲಿ ಒಂಬತ್ತರ ಮೇಲೆ ಎಂದಿದೆ, ಆತುರಪಡಬೇಡ ಎಂದು ಹೇಳಿಯೇ ಹೋಗಿದ್ದರು. ಕ್ಯಾಲೆಂಡರು ಅಚ್ಚಾಗುವುದು ಬೇರೆ ಯಾವುದೋ ಊರಿನಲ್ಲಿ, ನಮ್ಮೂರ ಚಂದ್ರನ ವಿಷಯ ಅದಕ್ಕೇನು ಗೊತ್ತು ಎಂದಿದ್ದೆ ನಾನು.

ಎಂಟು ಗಂಟೆಗೇ ತಾರಸಿ ಹತ್ತಿದ್ದೆ. ಕೆಳಗಿನಿಂದ ಬೆಲ್ಲ, ಏಲಕ್ಕಿಯ ವಾಸನೆ ಮೆಟ್ಟಿಲೇರಿ ಬರುತ್ತಿತ್ತು. ತೆಂಗಿನ ಮರಗಳ ಸಂದಿಯಲ್ಲಿ, ಮಂಜಿನ ಹಿಂದೆ, ದುಂಡಗೆ ಬೆಳ್ಳಗೆ ಹೊಳೆಯಿತು. ಕೈಮುಗಿದೆ. ಕೂಗಿದೆ.

ಜಯಮ್ಮ ಕೆಳಗಿನಿಂದ ಕೇಳಿದರು, “ಸರ್ಯಾಗಿ ನೋಡುದ್ರಾ ಅಕ್ಕ? ನಂದು ಇವತ್ತು ಇಪ್ಪತ್ತೊಂದನೇದು.”

ಎರಡು ಸಲ ಬಸಿರು ನಿಲ್ಲದ ಸವಿತಾಳಿಗಾಗಿ ಹೊತ್ತ ಹರಕೆ ಅದು, ಇಪ್ಪತ್ತೊಂದು ಸಂಕಷ್ಟಿ. ಇಪ್ಪತ್ತನ್ನು ತೊಟ್ಟು ನೀರೂ ಮುಟ್ಟದೆ ಮುಗಿಸಿದ್ದರು. ಈಗ ಸವಿತಾಳಿಗೆ ಏಳು ತಿಂಗಳು. ಇಂಥ ಪ್ರಶ್ನೆ ಬಂದಾಗ ಬುದ್ಧಿಯಿರುವವರು ಇನ್ನೊಮ್ಮೆ ತಿರುಗಿ ನೋಡುತ್ತಾರೆ. ನಾನು ಕಣ್ತುಂಬ ಕಂಡೆನೆಂದು ಕೂಗಿ ಹೇಳಿದೆ.

ಅರ್ಘ್ಯ ಬಿಡುತ್ತಿದ್ದಂತೆ ಕರೆಂಟು ಹೋಯಿತು. ಚಂದ್ರನೂ ಹೋದ. ಮೋಡ ಅಡ್ಡ ಬಂತೆಂದುಕೊಂಡೆ. ಐದು ನಿಮಿಷಕ್ಕೆ ಕರೆಂಟು ಬಂತು. ಚಂದ್ರನೂ ಬಂದ. ಮೋಡ ಸರಿಯಿತೆಂದುಕೊಂಡೆ. ಪಾಪ, ಗಣಪ ಇದಕ್ಕಿಂತ ಬಿಡಿಸಿ ಹೇಗೆ ಹೇಳಬೇಕಿತ್ತು!

ಈಗ ಸವಿತಾಳ ಮಾತು ಕೇಳಿ ಹುಣಸೆ ಕೈಯಲ್ಲೇ ತಾರಸಿಗೆ ಓಡಿದೆ. ಅಲ್ಲಿ ಇಬ್ಬರು ಚಂದ್ರರಿದ್ದರು. ಒಬ್ಬ ಪಕ್ಕದಲ್ಲಿ ಸ್ವಲ್ಪ ಸವೆದು, ಹಳದಿಯಾಗಿ, ಆಗತಾನೇ ತೆಂಗಿನ ಗರಿಗಳ ಮೇಲೆ ಎದ್ದು ಬರುತ್ತಿದ್ದ. ಇನ್ನೊಬ್ಬ ನಾನು ಬಿಟ್ಟಲ್ಲೇ ಇದ್ದ. ಒಂದು ಗಂಟೆಯಿಂದ ಒಂದಂಗುಲವೂ ಅಲುಗಿರಲಿಲ್ಲ. ಮಂಜು ಕರಗಿದ್ದರಿಂದ ಅವನ ಕೆಳಗೊಂದು ಕಂಬವೂ ಕಾಣುತ್ತಿತ್ತು.

ಅಷ್ಟರಲ್ಲಿ ಯಜಮಾನರು ನನ್ನನ್ನು ಹುಡುಕುತ್ತಾ ಮೇಲೆ ಬಂದರು. “ಕಬಡ್ಡಿಗೆ ಈ ಸಲ ಎಂಥಾ ಲೈಟ್ ಆಕವ್ರೆ ಗೊತ್ತಾ? ಚಂದ್ರನ್ನೇ ತಂದು ಕಂಬದ ಮ್ಯಾಲೆ ಕೂರ್ಸ್‌ದಂಗೈತೆ.”

ಅವರು ಕಟ್ಟೆಯ ಮೇಲಿದ್ದ ಹಾಲಿನ ಲೋಟ ನೋಡಿದರು, ಆ ಲೈಟು ನೋಡಿದರು, ನನ್ನನ್ನು ನೋಡಿದರು.

“ಅದುಕ್ಕೆ ಹಾಲು ಬುಟ್ಯಾ?”

“ಆರು ಮನೆಯೋರೂ ಬುಟ್ಟವ್ರೆ.”

ಅವರು ನಗುತ್ತಾ ನೀರಿನ ತೊಟ್ಟಿಗೆ ಒರಗಿ ಕೂತುಬಿಟ್ಟರು. ಜಯಮ್ಮನ ಹೆಸರೆತ್ತಿದೆ. ನಗು ನಿಂತಿತು.

ನಾಲ್ಕು ಮನೆಯವರು ನಕ್ಕು ಬಿಟ್ಟುಬಿಟ್ಟರು, ಅಷ್ಟು ಮಟ್ಟಿಗೆ ಸ್ವಾಮಿ ಕಾಪಾಡಿದ. ಐದನೆಯ ಬಾಗಿಲನ್ನು ಕೊನೆಗೆ ಉಳಿಸಿಕೊಂಡಿದ್ದೆ. ಜಯಮ್ಮ ಜಗಲಿಯಲ್ಲಿ ಸವಿತಾಳ ಪಕ್ಕ ಕೂತಿದ್ದರು. ನಡೆದದ್ದನ್ನೆಲ್ಲ ಹೇಳಿದೆ. ಚಂದ್ರನನ್ನು ಕಂಡದ್ದು ನನ್ನ ಕಣ್ಣಲ್ಲ, ಹಸಿದ ಹೊಟ್ಟೆ ಎಂಬುದನ್ನೂ ಮುಚ್ಚಿಡಲಿಲ್ಲ. ಇಪ್ಪತ್ತೊಂದನ್ನೂ ನಾನೇ ಮೊದಲಿನಿಂದ ಮಾಡಿಕೊಡುತ್ತೇನೆ ಎಂದೆ. ಬೈದಿದ್ದರೆ ಎದೆ ಹಗುರಾಗುತ್ತಿತ್ತು. ಬೈಯಲಿಲ್ಲ. ಮಗಳ ಬೆನ್ನ ಮೇಲೆ ಕೈಯಿಟ್ಟರು.

“ಇಪ್ಪತ್ತು ಆಗೈತಲ್ಲ, ಅದೆಲ್ಲೂ ಓಗಕ್ಕಿಲ್ಲ. ಇನ್ನೊಂದ ಮುಂದಿನ ತಿಂಗ್ಳು ಮಾಡ್ತೀನಿ ಬುಡಿ. ಆಗ ಇವಳ್ಗೂ ಎಂಟು ತುಂಬಿರ್ತದೆ.”

ಎದ್ದು ಹೊರಟವಳನ್ನು ಅವರು ಮತ್ತೆ ಮೆಲ್ಲಗೆ ಕರೆದರು.

“ಅಕ್ಕ, ತಪ್ಪು ತಿಳೀಬ್ಯಾಡಿ. ಅವತ್ತು ನೀವು ಕೂಗ್‌ಬ್ಯಾಡಿ. ಬೀದಿ ತುದಿಗೆ ಓಗಿ ನಾನೇ ನೋಡ್ಕಬತ್ತೀನಿ.”

ತಲೆಯಾಡಿಸಿ ಮನೆಗೆ ಬಂದೆ. ರಾತ್ರಿಯ ಹಾಲು ಆರಿತ್ತು, ಹೆಪ್ಪು ಹಾಕುವುದು ಬಾಕಿಯಿತ್ತು. ಚಮಚ ಹಿಡಿದು ಪಾತ್ರೆಯ ಮುಂದೆ ನಿಂತೆ. ಯಾಕೋ ಧೈರ್ಯ ಸಾಲಲಿಲ್ಲ. ಯಜಮಾನರನ್ನು ಕರೆದು, ಇದು ಹಾಲೇ ಹೌದೇ ಎಂದು ಕೇಳಿಕೊಂಡು, ಆಮೇಲೆ ಹಾಕಿದೆ.